ನಗುವಿನ ಹಿಂದಿನ ದುಡಿಮೆ

ಹಾಸ್ಯನಟಿ ಲೂಸಿಲ್ ಬಾಲ್ ಹುಟ್ಟಿದ್ದು 1911ರಲ್ಲಿ, ಅಮೆರಿಕದ ನ್ಯೂಯಾರ್ಕ್ ರಾಜ್ಯದ ಜೇಮ್ಸ್‌ಟೌನ್‌ನಲ್ಲಿ. ಹದಿಹರೆಯದಲ್ಲಿ ನಾಟಕ ಶಾಲೆ ಸೇರಿದರು. ಹುಡುಗಿಗೆ ಸಂಕೋಚ ಹೆಚ್ಚು, ನಟನೆ ಒಗ್ಗದು ಎಂದು ಶಾಲೆ ಮನೆಗೆ ಕಳಿಸಿತು. ಹಾಲಿವುಡ್‌ನಲ್ಲೂ ವರ್ಷಗಟ್ಟಲೆ ಸಣ್ಣಪುಟ್ಟ ಪಾತ್ರಗಳೇ ದಕ್ಕಿದವು.

1951ರಲ್ಲಿ, ನಲವತ್ತರ ವಯಸ್ಸಿನಲ್ಲಿ, ಅವರ ಟಿವಿ ಹಾಸ್ಯ ಧಾರಾವಾಹಿ ‘ಐ ಲವ್ ಲೂಸಿ’ ಶುರುವಾಯಿತು. ಜೊತೆಗೆ ನಟಿಸಿದವರು ಪತಿ ಡೆಸಿ ಅರ್ನಾಜ್. ಪ್ರೇಕ್ಷಕರನ್ನು ಎದುರಿಗೆ ಕೂರಿಸಿಕೊಂಡು, ಮೂರು ಕ್ಯಾಮೆರಾ ಇಟ್ಟು ಚಿತ್ರೀಕರಿಸಿದರು. ಆ ಕ್ರಮವೇ ಮುಂದೆ ಹಾಸ್ಯ ಧಾರಾವಾಹಿಗಳಿಗೆ ರೂಢಿಯಾಯಿತು. ತೆರೆಯ ಮೇಲೆ ಸಹಜವಾಗಿ ಕಂಡ ಪ್ರತಿ ಎಡವಟ್ಟಿನ ಹಿಂದೆಯೂ ಅವರ ಕಟ್ಟುನಿಟ್ಟಿನ ಅಭ್ಯಾಸವಿತ್ತು.

ವಿಚ್ಛೇದನದ ನಂತರ, 1962ರಲ್ಲಿ, ಇಬ್ಬರೂ ಸೇರಿ ಕಟ್ಟಿದ್ದ ಡೆಸಿಲು ಸ್ಟುಡಿಯೊದಲ್ಲಿ ಅರ್ನಾಜ್ ಪಾಲನ್ನೂ ಕೊಂಡು ಅದರ ಮುಖ್ಯಸ್ಥೆಯಾದರು. ‘ಸ್ಟಾರ್ ಟ್ರೆಕ್’ ಧಾರಾವಾಹಿ ತಯಾರಾದದ್ದು ಅಲ್ಲೇ. ಅವರು 1989ರಲ್ಲಿ ತೀರಿಕೊಂಡರು.

ಸಲೀಸಾಗಿ ಕಾಣುವ ನಗುವಿನ ಹಿಂದೆ ಬಹುದಿನಗಳ ದುಡಿಮೆ ಇರುತ್ತದೆ.