ಮೋರಿಯರ ಮನೆ ಯಾರ ಮನೆ?

(ಶಾಲೆಯ ಸುವರ್ಣ ಮಹೋತ್ಸವದ ಅಂಗವಾಗಿ ನಡೆದ ಹಳೆಯ ವಿದ್ಯಾರ್ಥಿಗಳ ಸಮಾವೇಶದಲ್ಲಿ ಮಾಡಿದ ಭಾಷಣ)



ಶಾಲೆಯ ದಿನಗಳ ಬಗ್ಗೆ ನಾಲ್ಕು ಮಾತಾಡಿ ಎಂದು ನನ್ನನ್ನು ಕರೆದಿದ್ದಾರೆ. ಆ ದಿನಗಳಲ್ಲಿ ನಾನೇ ಮಾಡಿದ ಒಂದು ತಪ್ಪಿನಿಂದ ಶುರು ಮಾಡುತ್ತೇನೆ.

ಒಂಬತ್ತನೇ ತರಗತಿಯ ದಸರಾ ರಜೆ. ಕುರಿ ಮೇಯಿಸಲು ಹೋಗಿದ್ದ ನಾವು ಮೂವರು ಹುಡುಗರು ಗುಡ್ಡದ ಓರೆಯಲ್ಲಿದ್ದ ಒಂದು ‘ಮೋರಿಯರ ಮನೆ’ಯನ್ನು ಅಗೆದೆವು. ನಾಲ್ಕು ಕಡೆ ಚಪ್ಪಡಿ ನಿಲ್ಲಿಸಿ, ಮೇಲೊಂದು ಚಪ್ಪಡಿ ಹೊದಿಸಿ, ಸುತ್ತ ಗುಂಡುಕಲ್ಲು ಜೋಡಿಸಿದ್ದ ಜಾಗ ಅದು. ಒಳಗೆ ಕೊಪ್ಪರಿಗೆ ಹೊನ್ನಿದೆ ಎಂದು ಯಾರೋ ಹೇಳಿದ್ದರು. ಸಿಕ್ಕಿದ್ದು ಬಾಯಿಯ ಕಡೆ ಕಪ್ಪು, ತಳದ ಕಡೆ ಕೆಂಪು ಬಣ್ಣದ ಕೆಲವು ಮಡಕೆ, ತುಕ್ಕು ಹಿಡಿದ ಕಬ್ಬಿಣದ ತುಂಡು, ಒಂದಷ್ಟು ಮೂಳೆ. ಸಿಟ್ಟಿಗೆ ಮಡಕೆಗಳನ್ನೆಲ್ಲ ಬಂಡೆಗೆ ಒಗೆದು ಒಡೆದೆವು. ಸಂಜೆ ಅಜ್ಜಿಗೆ ವಿಷಯ ಗೊತ್ತಾಯಿತು. ಹೊಡೆಯಲಿಲ್ಲ. “ಯಾರ್ ಮನೆ ಅಂತ ಕೇಳ್ದೆ ನುಗ್ಗಿದ್ರೇನ್ಲಾ?” ಎಂದಳು, ಅಷ್ಟೇ.

ಅಜ್ಜಿಯ ಪ್ರಕಾರ ಮೋರಿಯರು ಮೂರಡಿ ಎತ್ತರದ ಜನ, ಬೆಂಕಿ ಮಳೆಗೆ ಹೆದರಿ ಕಲ್ಲಿನ ಮನೆ ಕಟ್ಟಿಕೊಂಡವರು. ಪಾಂಡವರು ವನವಾಸದಲ್ಲಿ ಕಟ್ಟಿದ್ದು ಎನ್ನುವವರೂ ಇದ್ದರು. ನಮ್ಮಂಥ ಮನುಷ್ಯರೇ ಕಟ್ಟಿದ್ದು ಎಂದು ಮಾತ್ರ ಯಾರೂ ಹೇಳುತ್ತಿರಲಿಲ್ಲ.

ಅಜ್ಜಿ ಕೇಳಿದ ಪ್ರಶ್ನೆಯೇ ಅಮೆರಿಕದಲ್ಲಿ ನೂರು ವರ್ಷ ಚರ್ಚೆಯಾಯಿತು. ಅಮೆರಿಕ ನಮಗೆ ದೂರ ಎನ್ನಬೇಡಿ. ಪಾವಗಡ, ಸಿರಾ, ಮಧುಗಿರಿಯ ಹೊಲಗಳಲ್ಲಿ ಬೆಳೆಯುವ ಕಡಲೆಕಾಯಿ, ನಾವು ದಿನಾ ಸಾರಿಗೆ ಹಾಕುವ ಮೆಣಸಿನಕಾಯಿ, ಇವೆರಡನ್ನೂ ಮೊದಲು ಬೇಸಾಯಕ್ಕೆ ತಂದವರು ಆ ಖಂಡದ ಮೂಲನಿವಾಸಿಗಳು. ಪೆರು ದೇಶದ ಒಂದು ಕಣಿವೆಯಲ್ಲಿ ಹಳೆಯ ಮನೆಗಳ ನೆಲದಲ್ಲಿ ಸಿಕ್ಕ ಕಡಲೆಕಾಯಿ ಸಿಪ್ಪೆ 7,000 ವರ್ಷಕ್ಕಿಂತ ಹಳೆಯದು.

ಆ ಮೂಲನಿವಾಸಿಗಳ ಪೂರ್ವಿಕರು ಉತ್ತರ ಅಮೆರಿಕದಲ್ಲಿ ಸಾವಿರಾರು ಮಣ್ಣಿನ ದಿಬ್ಬಗಳನ್ನು ಕಟ್ಟಿದ್ದರು. ಮುಂದೆ ಅಮೆರಿಕದ ಅಧ್ಯಕ್ಷರಾದ ಥಾಮಸ್ ಜೆಫರ್ಸನ್ 1780ರ ದಶಕದಲ್ಲಿ ವರ್ಜೀನಿಯಾದ ಒಂದು ದಿಬ್ಬವನ್ನು ಸೀಳಿ ನೋಡಿದರು. ನಿಧಿಗಾಗಿ ಅಲ್ಲ. ಮೂಳೆಯ ಪದರ, ಕಲ್ಲಿನ ಪದರ, ಮಣ್ಣಿನ ಪದರ ಯಾವುದರ ಮೇಲೆ ಯಾವುದಿದೆ ಎಂದು ಬರೆದಿಟ್ಟರು. ಒಂದೇ ಸಲ ಹೂತದ್ದಲ್ಲ, ಬೇರೆ ಬೇರೆ ಕಾಲದಲ್ಲಿ ಹೂತದ್ದು ಎಂದು ಅದರಿಂದ ತಿಳಿದರು. ಅವರು ಇನ್ನೊಂದು ಸಂಗತಿಯನ್ನೂ ದಾಖಲಿಸಿದ್ದಾರೆ. ಅದಕ್ಕೆ ಸುಮಾರು ಮೂವತ್ತು ವರ್ಷ ಹಿಂದೆ ಮೂಲನಿವಾಸಿಗಳ ಒಂದು ಗುಂಪು, ಯಾರನ್ನೂ ದಾರಿ ಕೇಳದೆ ಕಾಡಿನೊಳಗೆ ನೇರ ಆ ದಿಬ್ಬಕ್ಕೆ ಬಂತಂತೆ. ಸ್ವಲ್ಪ ಹೊತ್ತು ದುಃಖದಿಂದ ನಿಂತು, ಮತ್ತೆ ಹೆದ್ದಾರಿಗೆ ಮರಳಿತಂತೆ. ಅದಕ್ಕಾಗಿ ಅವರು ಆರು ಮೈಲಿ ದಾರಿ ಬಿಟ್ಟು ಬಂದಿದ್ದರು.

ಅದು ಯಾರ ಮನೆ ಎಂದು ಅವರಿಗೆ ಗೊತ್ತಿತ್ತು. ಆದರೂ ಮುಂದೆ ಬಂದ ಬಿಳಿಯರಲ್ಲಿ ಅನೇಕರು, ಈ ಜನರಿಗೆ ಇಷ್ಟು ದೊಡ್ಡ ಕೆಲಸ ಎಲ್ಲಿಂದ ಸಾಧ್ಯ, ಕಣ್ಮರೆಯಾದ ಬೇರಾವುದೋ ಜನಾಂಗ ಕಟ್ಟಿರಬೇಕು ಎಂದು ಬರೆದರು. ಹಾಗೆಂದುಕೊಂಡರೆ ನೆಲ ಕಿತ್ತುಕೊಳ್ಳುವುದೂ ಸುಲಭ ತಾನೆ? ನೂರಾರು ದಿಬ್ಬಗಳನ್ನು ಪರೀಕ್ಷಿಸಿ ಸೈರಸ್ ಥಾಮಸ್ 1894ರಲ್ಲಿ ವರದಿ ಕೊಟ್ಟ ಮೇಲೆ ಆ ಕಟ್ಟುಕತೆ ಬಿತ್ತು. ಕಟ್ಟಿದವರು ಮೂಲನಿವಾಸಿಗಳ ಪೂರ್ವಿಕರೇ ಎಂದು ಸಾಬೀತಾಯಿತು.

ನಮ್ಮಲ್ಲೂ ಹೀಗೇ ಆಯಿತು. ಸುರಪುರ ಸೀಮೆಯಲ್ಲಿ ಅಧಿಕಾರಿಯಾಗಿದ್ದ ಮೆಡೋಸ್ ಟೇಲರ್ 1850ರ ಆಸುಪಾಸಿನಲ್ಲಿ ಇಂಥ ಕಲ್ಲಿನ ಸಮಾಧಿಗಳನ್ನು ಅಗೆಸಿ, ಎಚ್ಚರದಿಂದ ನಕ್ಷೆ ಬರೆದರು. ಆದರೆ ಯುರೋಪಿನ ಸಮಾಧಿಗಳ ಹಾಗೇ ಇವೆ ಎಂದು ಕಂಡು, ಕಟ್ಟಿದವರ ಮೂಲವನ್ನು ದೂರದ ಸಿಥಿಯನ್ನರಲ್ಲಿ ಹುಡುಕಿದರು. ನೋಡಲು ಒಂದೇ ಥರ ಇದ್ದರೆ ಸಾಲದು. ಮಣ್ಣು ಏನು ಹೇಳುತ್ತದೆ ಎಂದು ಕೇಳಬೇಕು.

ಅದನ್ನು ಕೇಳಿದ್ದು ನಮ್ಮ ಜಿಲ್ಲೆಯ ಉತ್ತರಕ್ಕೆ, ಮೊಳಕಾಲ್ಮೂರು ತಾಲ್ಲೂಕಿನ ಬ್ರಹ್ಮಗಿರಿಯಲ್ಲಿ. 1892ರಲ್ಲಿ ಬಿ.ಎಲ್. ರೈಸ್ ಅಶೋಕನ ಶಾಸನ ಕಂಡದ್ದು ಅಲ್ಲೇ. ಮೈಸೂರಿನ ಡಾ. ಎಂ.ಎಚ್. ಕೃಷ್ಣ ಅಲ್ಲಿ ಮೊದಲು ಅಗೆಸಿದರು. 1947ರಲ್ಲಿ ಮಾರ್ಟಿಮರ್ ವೀಲರ್ ಊರಿದ್ದ ಜಾಗವನ್ನೂ ಸಮಾಧಿಗಳನ್ನೂ ಒಟ್ಟಿಗೆ ಅಗೆಸಿದರು. ಕೆಳಗಿನ ಪದರದಲ್ಲಿ ನಯಗೊಳಿಸಿದ ಕಲ್ಲಿನ ಕೊಡಲಿ. ಅದರ ಮೇಲೆ ಕಬ್ಬಿಣ ಮತ್ತು ಕಪ್ಪು-ಕೆಂಪು ಮಡಕೆ. ಇನ್ನೂ ಮೇಲೆ ಸಾತವಾಹನರ ಕಾಲದ ಪಾತ್ರೆ. ಊರಿನ ನಡುವಣ ಪದರದಲ್ಲಿ ಸಿಕ್ಕ ಮಡಕೆಯೂ ಸಮಾಧಿಯ ಮಡಕೆಯೂ ಒಂದೇ ಬಗೆಯವು. ಅಂದರೆ ಅಲ್ಲಿ ಅಡುಗೆ ಮಾಡಿ ಉಂಡವರೇ ಇಲ್ಲಿ ತಮ್ಮವರನ್ನು ಹೂತವರು. ಅವರ ಕಾಲ ವೀಲರ್ ಎಣಿಸಿದ್ದಕ್ಕಿಂತ ಇನ್ನೂ ಹಿಂದಿನದು ಎಂದು ಆಮೇಲಿನ ಸಂಶೋಧನೆ ತೋರಿಸಿದೆ. ಮೂರಡಿಯವರಲ್ಲ, ಪಾಂಡವರಲ್ಲ. ಈ ನೆಲದಲ್ಲಿ ಬದುಕಿ, ಸತ್ತವರಿಗಾಗಿ ಟನ್‌ಗಟ್ಟಲೆ ಕಲ್ಲು ಎಳೆದ ಮನುಷ್ಯರು.

ಈಗ ಹೇಳಿ, ನಾವು ಮೂವರು ಒಡೆದದ್ದೇನು? ಮಡಕೆ ಹೋದರೆ ಹೋಯಿತು ಎನ್ನಬಹುದು. ಆದರೆ ಯಾವ ಮಡಕೆ ಎಲ್ಲಿತ್ತು, ಯಾವ ಮೂಳೆಯ ಪಕ್ಕದಲ್ಲಿತ್ತು ಎನ್ನುವುದು ಒಂದೇ ಸಲ ಓದಬಹುದಾದ ಪುಸ್ತಕ. ಅದನ್ನು ಓದದೇ ಹರಿದು ಹಾಕಿದೆವು. ಚೂರುಗಳನ್ನು ಇವತ್ತು ಆರಿಸಿ ತಂದರೂ ಆ ಪುಟ ಮತ್ತೆ ಸಿಗುವುದಿಲ್ಲ.

ಆಗ ನಮ್ಮ ಕೈಯಲ್ಲಿದ್ದದ್ದು ಒಂದು ಹಾರೆ. ಈಗ ನಿಧಿಗಳ್ಳರು ರಾತ್ರಿ ಜೆಸಿಬಿ ತರುತ್ತಾರೆ. ಆದ್ದರಿಂದ ಮಕ್ಕಳೇ, ನಿಮ್ಮಲ್ಲಿ ಒಂದು ಕೋರಿಕೆ. ತುಮಕೂರು ಜಿಲ್ಲೆಯ ಶಾಸನಗಳನ್ನು ರೈಸ್ ಅವರು ಎಪಿಗ್ರಾಫಿಯಾ ಕರ್ನಾಟಿಕಾದ 12ನೇ ಸಂಪುಟದಲ್ಲಿ ಅಚ್ಚು ಹಾಕಿಸಿದರು. ನಿಮ್ಮ ಊರಿನ ಹೆಸರು ಅದರಲ್ಲಿದೆಯೇ ನೋಡಿ. ನಿಮ್ಮ ಹೊಲದ ಬದುವಿನ ವೀರಗಲ್ಲು, ಗುಡ್ಡದ ಮೋರಿಯರ ಮನೆ, ಉಳುವಾಗ ಸಿಗುವ ಮಡಕೆ ಚೂರು, ಇವೆಲ್ಲ ಎಲ್ಲಿವೆ ಎಂದು ಒಂದು ನೋಟ್‌ಬುಕ್ಕಿನಲ್ಲಿ ಬರೆಯಿರಿ. ಅಳತೆ ತೆಗೆಯಿರಿ, ಚಿತ್ರ ತೆಗೆಯಿರಿ, ಮುಟ್ಟಬೇಡಿ, ಅಗೆಯಬೇಡಿ. ಯಾರಾದರೂ ಅಗೆಯುವುದು ಕಂಡರೆ ಮೇಷ್ಟ್ರಿಗೆ ಹೇಳಿ, ಪಂಚಾಯಿತಿಗೆ ಹೇಳಿ. ಆ ನೋಟ್‌ಬುಕ್ಕು ಈ ಶಾಲೆಯ ಬೀರುವಿನಲ್ಲಿರಲಿ, ವರ್ಷಾವರ್ಷ ಬೆಳೆಯಲಿ. ಮೊದಲ ಪುಟಕ್ಕೆ ನಾವು ಹಾಳು ಮಾಡಿದ ಜಾಗದ ವಿವರವನ್ನು ನಾನೇ ಬರೆದು ಕೊಡುತ್ತೇನೆ.

ಅಜ್ಜಿ ಕೇಳಿದ ಪ್ರಶ್ನೆಗೆ ಅಂದು ನನ್ನಲ್ಲಿ ಉತ್ತರವಿರಲಿಲ್ಲ. ಇವತ್ತು ಇದೆ: ಅದು ನಮಗಿಂತ ಮೊದಲು ಇಲ್ಲಿ ಬಾಳಿದವರ ಮನೆ. ಅವರು ಬಿಟ್ಟುಹೋದ ನೆಲದಲ್ಲೇ ನಾವು ಉಳುತ್ತಿದ್ದೇವೆ. ಬಾಗಿಲು ತಟ್ಟದೆ ಒಳಗೆ ಹೋಗುವುದು ಬೇಡ.