ನೋಡುವ ಕೆರೆ, ಬಾಳುವ ಕೆರೆ



ಪೇಟೆಯಲ್ಲಿ ಹುಟ್ಟಿ ಬೆಳೆದವರಿಗೆ ನಿಸರ್ಗದ ಮೇಲೆ ಪ್ರೀತಿಯಿಲ್ಲ ಎಂದು ಹಳ್ಳಿಗಾಡಿನ ನಾವು ಸಲೀಸಾಗಿ ಹೇಳಿಬಿಡುತ್ತೇವೆ. ಇದು ನ್ಯಾಯವಾದ ಮಾತಲ್ಲ. ಕ್ಯಾಮೆರಾ, ದುರ್ಬೀನು ಹಿಡಿದು ಹಕ್ಕಿ ನೋಡಲು ನೂರಾರು ಮೈಲಿ ಬರುವವರು ಅವರೇ. ಅವರ ಪ್ರೀತಿಗೆ ಕೊರತೆಯಿಲ್ಲ. ನಿಸರ್ಗದೊಡನೆ ದಿನನಿತ್ಯದ ವ್ಯವಹಾರವಿಲ್ಲ, ಅಷ್ಟೆ. ಆ ವ್ಯವಹಾರ ತಪ್ಪಿದಾಗ ನಿಸರ್ಗವೆಂಬುದು ರಜೆಯಲ್ಲಿ ಹೋಗಿ ನೋಡಿಬರುವ ವಸ್ತುವಾಗುತ್ತದೆ.

ಈ ಅಂತರ ನಮ್ಮ ಸೀಮೆಯಲ್ಲಿ ಎದ್ದು ಕಾಣುತ್ತದೆ. ಹಡಗಲಿಯ ಮಲ್ಲಿಗೆ ಭೌಗೋಳಿಕ ಸೂಚಕ ಮಾನ್ಯತೆ ಪಡೆದ ಹೂವು. ಪೇಟೆಯವರಿಗೆ ಅದು ಪರಿಮಳ. ಮೊಳಕ್ಕಿಷ್ಟು ಎಂಬ ಬೆಲೆ. ಬೆಳೆದವರಿಗೆ ಅದು ಬಿಸಿಲೇರುವ ಮುನ್ನ ಮೊಗ್ಗು ಬಿಡಿಸಿ ಮಾರುಕಟ್ಟೆ ಮುಟ್ಟಿಸಬೇಕಾದ ಅವಸರ. ಕೂಡ್ಲಿಗಿ ತಾಲ್ಲೂಕಿನ ಗುಡೇಕೋಟೆಯ ಬಂಡೆಗುಡ್ಡಗಳಲ್ಲಿ ಕರಡಿಧಾಮವಿದೆ. ಮರಿಯನ್ನು ಬೆನ್ನ ಮೇಲೆ ಹೊತ್ತ ತಾಯಿಕರಡಿಯ ಚಿತ್ರ ಯಾರಿಗೆ ಮುದ ಕೊಡುವುದಿಲ್ಲ? ಆದರೆ ರಾತ್ರಿ ಶೇಂಗಾ ಹೊಲ ಕಾಯಲು ಹೋಗುವ ರೈತನಿಗೆ ಅದೇ ಕರಡಿ ಪೊದೆಯಿಂದ ಎದುರಾದರೆ ಪ್ರಾಣಕ್ಕೇ ಸಂಚಕಾರ.

ಹಗರಿಬೊಮ್ಮನಹಳ್ಳಿ ತಾಲ್ಲೂಕಿನ ಅಂಕಸಮುದ್ರದ ಕೆರೆ ಇನ್ನೂ ದೊಡ್ಡ ಪಾಠ ಹೇಳುತ್ತದೆ. ಸುಮಾರು 244 ಎಕರೆಯ ಈ ಕೆರೆಯಲ್ಲಿ 240 ಬಗೆಯ ಹಕ್ಕಿಗಳನ್ನು ಗುರುತಿಸಲಾಗಿದೆ. ಮೂವತ್ತು ಸಾವಿರಕ್ಕೂ ಹೆಚ್ಚು ನೀರುಹಕ್ಕಿಗಳು ಇಲ್ಲಿ ಗೂಡು ಕಟ್ಟುತ್ತವೆ, ತಂಗುತ್ತವೆ. ಬಣ್ಣದ ಕೊಕ್ಕರೆ, ಕರಿತಲೆ ಕೆಂಬರಲುಗಳಿಗೆ ಇದು ತವರುಮನೆಯಿದ್ದಂತೆ. 2024ರಲ್ಲಿ ಇದು ರಾಮ್ಸಾರ್ ಒಪ್ಪಂದದ ಪಟ್ಟಿಗೆ ಸೇರಿ ಜಗತ್ತಿನ ಮಹತ್ವದ ಜೌಗುನೆಲಗಳಲ್ಲಿ ಒಂದಾಯಿತು.

ಬಂದವರು ಇದನ್ನು 'ಅಪ್ಪಟ ನಿಸರ್ಗ' ಎಂದು ಕೊಂಡಾಡುತ್ತಾರೆ. ಆದರೆ ಇದು ತಾನಾಗಿ ಆದ ಸರೋವರವಲ್ಲ. ಶತಮಾನಗಳ ಹಿಂದೆ ಬೇಸಾಯಕ್ಕೆಂದು ಜನರೇ ಕಟ್ಟಿದ ಕೆರೆ. ಏರಿ, ತೂಬು, ಕೋಡಿ, ಕಾಲುವೆ ಇವೆಲ್ಲ ಮನುಷ್ಯನ ಕೈಕೆಲಸ. ಏರಿ ಬಿರುಕುಬಿಟ್ಟಾಗ ಮುಚ್ಚುವ, ಹೂಳೆತ್ತಿ ಹೊಲಕ್ಕೆ ಹಾಕುವ ಕೈಗಳಿದ್ದರೆ ಮಾತ್ರ ಕೆರೆಗೆ ಆಯುಸ್ಸು. ಆ ನೀರು ನಿಂತದ್ದರಿಂದಲೇ ಹಕ್ಕಿ ಬಂದದ್ದು.

ಹಾಗೆಂದು ನೋಡುವ ಕಣ್ಣನ್ನು ಹಗುರವಾಗಿ ಕಾಣಬೇಕಾಗಿಲ್ಲ. ದಿನವೂ ತಲೆಯ ಮೇಲೆ ಹಾರುವ ಕೊಕ್ಕರೆಯನ್ನು ಹಳ್ಳಿಯವರು ಎಣಿಸುವುದಿಲ್ಲ. ಎಣಿಸಿ, ಹೆಸರು ಹಿಡಿದು, ಬರೆದಿಟ್ಟವರಿದ್ದುದರಿಂದ ಅಂಕಸಮುದ್ರದ ಹೆಸರು ಹೊರಲೋಕಕ್ಕೆ ತಿಳಿಯಿತು. ಕೆರೆಗೆ ಎರಡೂ ಬೇಕು: ಎಣಿಸುವ ಕಣ್ಣು, ದುಡಿಯುವ ಕೈ.

ನನ್ನ ಆತಂಕ ಬೇರೆಯದು. ನಗರ ಈಗ ಬೆಂಗಳೂರಿನಲ್ಲಷ್ಟೇ ಇಲ್ಲ. ಕೊಳವೆಬಾವಿ ಬಂದ ಮೇಲೆ ಕೆರೆಯ ಹಂಗು ತಪ್ಪಿತು. ಹರಪನಹಳ್ಳಿಯ ಕಡೆಯಿಂದ ದುಡಿಮೆಗೆ ಗುಳೆ ಹೋದವರ ಮಕ್ಕಳು ಪೇಟೆಯಲ್ಲೇ ಬೆಳೆಯುತ್ತಿದ್ದಾರೆ. ಊರಲ್ಲೇ ಉಳಿದ, ಕೊಟ್ಟೂರಿನಂಥ ಊರಿನ ಮಕ್ಕಳಿಗೂ ನೀರೆಂದರೆ ನಲ್ಲಿ. ತೂಬು ಯಾವುದು, ಕೋಡಿ ಯಾವುದು ಎಂದರೆ ಅವರೂ ಪ್ರವಾಸಿಗಳಂತೆ ಮುಖ ನೋಡುತ್ತಾರೆ. ಎಲ್ಲರೂ ನೋಡುವವರೇ ಆಗಿಬಿಟ್ಟರೆ ಏರಿಗೆ ಮಣ್ಣು ಹೊರುವವರು ಯಾರು?

ಆದ್ದರಿಂದ ನನ್ನದೊಂದು ಸಣ್ಣ ಸೂಚನೆ. ಶಾಲೆಯ ಮಕ್ಕಳನ್ನಾಗಲಿ, ಪೇಟೆಯಿಂದ ಬರುವ ನೆಂಟರನ್ನಾಗಲಿ ಅಂಕಸಮುದ್ರಕ್ಕೆ ಕರೆದೊಯ್ದಾಗ ಹಕ್ಕಿ ತೋರಿಸಿ. ಹಾಗೆಯೇ ಏರಿಯ ಮೇಲೆ ನಡೆಸಿಕೊಂಡು ಹೋಗಿ ತೂಬನ್ನೂ ತೋರಿಸಿ. ನೀರು ಎಲ್ಲಿಂದ ಬರುತ್ತದೆ, ಯಾರ ಹೊಲಕ್ಕೆ ಹೋಗುತ್ತದೆ ಎಂದು ಊರಿನ ಹಿರಿಯರನ್ನು ಕೇಳಲಿ. ಅಷ್ಟು ತಿಳಿದವರು ಮುಂದಿನ ಸಲ ಬರಿಯ ನೋಡುಗರಾಗಿ ಬರಲಾರರು.