ಕಣ್ಣು ಕಾಣದ ಸಂಸದ ನಿಲ್ಲಿಸಿದ ಗುಂಡು

ಇವತ್ತು ಆಬ್ರಿ ಹರ್ಬರ್ಟ್ ಕಥೆ. ಟುಟಾಂಖಾಮನ್ ಸಮಾಧಿ ಅಗೆಸಿದ ಲಾರ್ಡ್ ಕಾರ್ನಾರ್ವನ್ ಇದ್ದಾನಲ್ಲ, ಅವನ ಮಲತಮ್ಮ. 1911ರಿಂದ ಬ್ರಿಟಿಷ್ ಸಂಸದ. ಹಣ, ಹೆಸರು ಎಲ್ಲಾ ಇತ್ತು, ಕಣ್ಣು ಮಾತ್ರ ಬಹುತೇಕ ಕಾಣ್ತಿರಲಿಲ್ಲ. 1914ರಲ್ಲಿ ಯುದ್ಧ ಶುರುವಾದಾಗ ಇಂಥವನನ್ನ ಸೇನೆಗೆ ಯಾರು ತಗೋತಾರೆ ಹೇಳಿ? ಐರಿಷ್ ಗಾರ್ಡ್ಸ್ ಯೂನಿಫಾರ್ಮ್ ಹಾಕ್ಕೊಂಡು, ಫ್ರಾನ್ಸ್‌ಗೆ ಹೊರಟವರ ಜೊತೆ ನುಗ್ಗೇ ಬಿಟ್ಟ!

ಮರುವರ್ಷ ತುರ್ಕಿಯ ಗ್ಯಾಲಿಪೊಲಿ. ತುರ್ಕಿ ಭಾಷೆ ಬರ್ತಿತ್ತು, ಹಾಗಾಗಿ ಗುಪ್ತಚರ ಅಧಿಕಾರಿ. ಮೇ 19ರಂದು ತುರ್ಕರು ದೊಡ್ಡ ದಾಳಿ ಮಾಡಿ ಸೋತರು. ಎರಡೂ ಕಡೆಯ ಕಂದಕಗಳ ನಡುವೆ ಸುಮಾರು 3,000 ತುರ್ಕಿ ಸೈನಿಕರ ಹೆಣ. ಬಿಸಿಲು, ನಾತ. ಹೂಳೋಕಾದ್ರೂ ಗುಂಡು ನಿಲ್ಲಿಸಿ ಅಂತ ಹರ್ಬರ್ಟ್ ಮೇಲಿನವರ ಬೆನ್ನು ಹತ್ತಿದ. ಮೇ 24, ಬೆಳಿಗ್ಗೆ ಏಳೂವರೆಯಿಂದ ಸಂಜೆ ನಾಲ್ಕೂವರೆ ತನಕ ಕದನವಿರಾಮ. ಶತ್ರುಗಳ ಮಧ್ಯೆ ಓಡಾಡಿ ಮಾತು ದಾಟಿಸಿದ. ತುರ್ಕಿ ಸೈನಿಕರೂ ಇವನ ಹತ್ರನೇ ಬಂದು, ಮುಂದೇನು ಅಂತ ಕೇಳಿದ್ರಂತೆ. ಅವನ ಸಂಸತ್ ಬದುಕಿಗಿಂತ ಈ ಒಂಬತ್ತು ಗಂಟೆಯೇ ದೊಡ್ಡದು ಅನ್ಸುತ್ತೆ ನನಗೆ. ಸಂಜೆಗೆ ಮತ್ತೆ ಗುಂಡು.

ಅಲ್ಬೇನಿಯಾದ ರಾಜ ಆಗು ಅಂತ್ಲೂ ಕರೆ ಬಂದಿತ್ತು, ಆಗಲಿಲ್ಲ. 1923ರಲ್ಲಿ, ಹಲ್ಲು ಕೀಳಿಸಿದ್ರೆ ದೃಷ್ಟಿ ಬರುತ್ತೆ ಅನ್ನೋ ಸಲಹೆ ನಂಬಿದ. ಹಲ್ಲೆಲ್ಲ ಕೀಳಿಸ್ಕೊಂಡ. ರಕ್ತಕ್ಕೆ ನಂಜೇರಿ ತೀರ್ಕೊಂಡ. ವಯಸ್ಸು 43.